ನೀವೇ ಹರಸಿದ ಸ್ವೆಟರ್ ಅಂಗಡಿಗಳು

ಮೈದಾನಗಳ ಪರವಾನಗಿ ನೀಡುವ ಮಾನ್ಯ ಅಧಿಕಾರಿಗಳೇ,

ಟಿಬೆಟನ್ನರ ಮೂವತ್ತೊಂದು ಸ್ವೆಟರ್ ಅಂಗಡಿಗಳನ್ನು ಶುಕ್ರವಾರದೊಳಗೆ ಕೀಳಬೇಕೆಂಬ ನಿಮ್ಮ ನೋಟಿಸು ತಲುಪಿದೆ. ಬೆಳಗಾವಿಯ ಚಳಿಗೂ ಒಂದು ಪ್ರತಿ ಕಳಿಸಿದ್ದೀರೆಂದು ನಂಬುತ್ತೇನೆ. ಆದರೆ ನೀವೇ ಹರಸಿದ ಅಂಗಡಿಗಳನ್ನು ನೀವೇ ಕೀಳಿಸುವುದು ಹೇಗೆ?

ಕಳೆದ ಸೋಮವಾರ ನಿಮ್ಮ ಕೋಣೆಯಲ್ಲಿ ನಾನೂ ಇದ್ದೆ. ಮೈದಾನದಲ್ಲಿ ಅಂಗಡಿ ಹಾಕಲು ಅನುಮತಿ ಕೋರಿದ ಅರ್ಜಿ ಬೆರಳಚ್ಚು ಮಾಡಿಕೊಟ್ಟವನು, ಬಾಗಿಲ ಬಳಿ ನಿಂತಿದ್ದೆ, ನಿಮಗೆ ನೆನಪಿರಲಾರದು. ಮಾತಾಡಿದವರು ಯಾಂಗ್‌ಚೆನ್. ಮುಂಡಗೋಡದ ಶಿಬಿರದಲ್ಲಿ ಹುಟ್ಟಿ, ವರ್ಷವರ್ಷವೂ ನೋಂದಣಿ ಪುಸ್ತಕಕ್ಕೆ ಮುದ್ರೆ ಒತ್ತಿಸಿಕೊಂಡು ಬೆಳೆದ ನಿರಾಶ್ರಿತೆ. ಈಗ ಎಂಟು ವರ್ಷದಿಂದ ಭಾರತದ ಪ್ರಜೆ, ಖಾನಾಪುರದಲ್ಲಿ ನನ್ನ ಪಕ್ಕದ ಮನೆಯವರು. ಚಳಿಗಾಲಕ್ಕೆ ಶಿಬಿರದಿಂದ ಬರುವ ಮುದುಕಿಯರಿಗೆ ವರ್ಷದ ಅನ್ನ ಈ ಹತ್ತು ವಾರದಲ್ಲೇ ಹುಟ್ಟಬೇಕು. ಅವರ ಪರವಾಗಿ ಕಚೇರಿಗಳಲ್ಲಿ ಮಾತಾಡುವ ಕೆಲಸ ಯಾಂಗ್‌ಚೆನ್ ಹೆಗಲಿಗೆ ಬಂದು ಇಪ್ಪತ್ತು ವರ್ಷವಾಯಿತು. ಅವರು ಎಲ್ಲವನ್ನೂ ಕನ್ನಡದಲ್ಲಿ ಹೇಳಿ ಮುಗಿಸಿದ ಮೇಲೆ, ದುಭಾಷಿ ಎಲ್ಲಿ ಎಂದು ಕೇಳಿದಿರಿ.

"ನಾನ ಅದೀನ್ರಿ ಸರ. ಕನ್ನಡ ಬೇಕೋ, ಮರಾಠಿ ಬೇಕೋ? ಬಾಜೂಕ ಕುಂತ ಸಾಹೇಬರಿಗೆ ಹಿಂದಿನೂ ನಡೀತೈತಿ."

ಇಡೀ ಕಚೇರಿ ನಕ್ಕಿತು. ನೀವೂ ಸ್ವಲ್ಪ ನಕ್ಕಿರಿ. ಕಡತದಲ್ಲಿ ಅದು ದಾಖಲಾದಂತಿಲ್ಲ.

ಆಮೇಲೆ ಅವರು ಎರಡೂ ಕೈಯಲ್ಲಿ ಬಿಳಿ ರೇಷ್ಮೆಯ ಶಲ್ಯ ಹಿಡಿದು ನಿಮಗೆ ಅರ್ಪಿಸಿದರು. ಗೌರವಕ್ಕೆ ಕೊಡುವಂಥದು, ಖತಾ ಎನ್ನುತ್ತಾರೆ. ನೀವು ಲಂಚವೆಂದು ಬಗೆದು, ಹಾವು ಕಂಡವರಂತೆ ಎದ್ದು ನಿಂತಿರಿ. "ಇವೆಲ್ಲಾ ನಡ್ಯಂಗಿಲ್ರಿ ಬಾಯಾರ, ನಿಮ್ಮದು ನಿಮಗ ಇರ್ಲಿ" ಎಂದು ಅದನ್ನು ಅವರ ಕೊರಳಿಗೇ ಹಾಕಿ, ಪರವಾನಗಿ ಆಗದೆಂದು ಅರ್ಜಿಯನ್ನೂ ಮರಳಿಸಿಬಿಟ್ಟಿರಿ.

ಮಾನ್ಯರೇ, ಅವರಲ್ಲಿ ಹಿರಿಯ ಲಾಮಾಗಳು ಮಾಡುವುದು ಇದನ್ನೇ. ಖತಾ ಅರ್ಪಿಸಿದವರ ಕೊರಳಿಗೇ ಅದನ್ನು ಮರಳಿ ಹಾಕಿದರೆ ಅದು ಆಶೀರ್ವಾದ. ವರಾಂಡದಲ್ಲಿ ಬೆಳಗಿನಿಂದ ನಿಂತಿದ್ದ ಮುದುಕಿಯರು ತೆರೆದ ಬಾಗಿಲಿಂದ ಅದನ್ನು ನೋಡಿ, ನೀವು ಹರಸಿ ಒಪ್ಪಿದಿರೆಂದೇ ತಿಳಿದರು. ಅರ್ಜಿ ತಿರಸ್ಕೃತವಾದುದಕ್ಕೆ ಯಾವ ಕಚೇರಿಯಲ್ಲಾದರೂ ಅಂಥ ಕೇಕೆ ಎದ್ದಿದೆಯೇ? ಅವರಲ್ಲೊಬ್ಬರು ನಿಮ್ಮ ಜವಾನ ಹಣಮಪ್ಪನ ಕೈಹಿಡಿದು ಕುಣಿಸಿದರು. "ಬಿಡ ಯವ್ವಾ, ಸಾಹೇಬರು ನೋಡ್ತಾರ" ಎನ್ನುತ್ತಲೇ ಅವನೂ ಎರಡು ಸುತ್ತು ಹಾಕಿದ. ಸಂಜೆಗೆ ಲಾರಿ ಬಂತು. ಮರುದಿನ ಮಧ್ಯಾಹ್ನಕ್ಕೆ ಅಂಗಡಿಗಳು ನಿಂತವು.

"ಸಾಹೇಬರು ಒಲ್ಲೆ ಅಂದ್ರು ಅಂತ ಅವರಿಗೆ ಯಾಕ ಹೇಳಲಿಲ್ರಿ?" ಎಂದು ಖಾನಾಪುರದ ಬಸ್ಸಿನಲ್ಲಿ ಯಾಂಗ್‌ಚೆನ್‌ರನ್ನು ಕೇಳಿದೆ.

"ಹೇಳಾಕಂತ ಬಾಯಿ ತಗದ್ನಿ ಅಣ್ಣಾರ. ಎಂಬತ್ತು ವರ್ಷದಾಕಿ ನನ್ನ ಕೊರಳಾಗಿನ ಖತಾ ಕಣ್ಣಿಗೆ ಒತ್ಕೊಂಡ್ಳು. ನೀವಾದ್ರ ಹೇಳ್ತಿದ್ರೇನು?"

ನಾನು ಕಿಟಕಿಯಾಚೆ ನೋಡಿದೆ. ಇಪ್ಪತ್ತು ವರ್ಷ ಮಾತಾಡಿದವರು ಒಂದು ನಿಮಿಷ ಸುಮ್ಮನಿದ್ದರು. ಅದು ಅಪರಾಧವಾದರೆ ಬರೆದುಕೊಳ್ಳಿ. ಹುಟ್ಟಿದ ಊರಲ್ಲೇ ಐವತ್ತು ವರ್ಷ ಸುಮ್ಮನಿದ್ದ ನನ್ನ ಮೇಲೆ ಯಾವ ಕಲಂ ಹಚ್ಚುತ್ತೀರಿ?

ಶಿವರಾತ್ರಿಯವರೆಗೆ ಲಿಖಿತ ಪರವಾನಗಿ ಕೊಡಿ. ಆಗದಿದ್ದರೆ ಶುಕ್ರವಾರ ಖುದ್ದಾಗಿ ಮೈದಾನಕ್ಕೆ ಬನ್ನಿ. ಯಾಂಗ್‌ಚೆನ್ ಅದೇ ಶಲ್ಯ ಹಾಕಿಕೊಂಡು ನಿಂತಿರುತ್ತಾರೆ. ಎಲ್ಲರೆದುರು ನಿಮ್ಮ ಕೈಯಿಂದಲೇ ತೆಗೆಯಿರಿ. ಕೊಟ್ಟ ಆಶೀರ್ವಾದವನ್ನು ಹಿಂದಕ್ಕೆ ಪಡೆಯುವ ವಿಧಿ ತಾವೆಂದೂ ಕಂಡಿಲ್ಲವೆಂದು, ಅದನ್ನು ನೋಡಲು ಮುದುಕಿಯರು ಕಾತರರಾಗಿದ್ದಾರೆ. ಚಳಿ ಇರುತ್ತದೆ, ಜೋಪಾನ. ನಿಮ್ಮ ಅಳತೆಯದೊಂದು ಸ್ವೆಟರ್ ತೆಗೆದಿರಿಸಿದ್ದಾರೆ. ಗಾಬರಿಯಾಗಬೇಡಿ, ಬೆಲೆಚೀಟಿ ಹಾಗೇ ಇದೆ.

ಇಂತಿ,
ಅಂದು ನಿಮ್ಮ ಬಾಗಿಲ ಬಳಿ ಸುಮ್ಮನೆ ನಿಂತಿದ್ದ
ದಿಗಂಬರ, ಖಾನಾಪುರ