ಹಾಡಿನ ನಡುವೆ ನಿನ್ನ ದನಿ

ಓಡೆಲ್,

ನೀನು ತೀರಿಕೊಂಡು ವರ್ಷಗಳಾದರೂ ನಮ್ಮ ಲಾಂಗ್ ಐಲೆಂಡ್ ಹುಡುಗರು ನಮ್ಮ ಮೊದಲ ರ‍್ಯಾಪ್ ಆಲ್ಬಮ್ಮಿನ ಚೂರುಗಳನ್ನು ತಮ್ಮ ಹಾಡುಗಳಿಗೆ ಸೇರಿಸಿಕೊಳ್ಳುತ್ತಲೇ ಇದ್ದಾರೆ. ನಿಮ್ಮ ನೆಲಮಾಳಿಗೆಯಲ್ಲಿ ಪಾತ್ರೆ ಬಡಿದು, ಬಿಕ್ಕಳಿಕೆಗೂ ತಾಳ ಹಾಕಿ ಮಾಡಿದ್ದೆವಲ್ಲ, ಅದೇ. ನಿಮ್ಮಮ್ಮ ಊಟಕ್ಕೆ ಕರೆದದ್ದು, ನೀನು ಓಗೊಟ್ಟದ್ದು ಎಲ್ಲವೂ ಅದರಲ್ಲಿದೆ.

ಕಡೆಗೂ ಈ ಮಧ್ಯಾಹ್ನ ನಿಮ್ಮಮ್ಮನನ್ನು ನೋಡಲು ಹೋದೆ. ಅವರಿಗೀಗ ಮರೆವು. ಬೀದಿಯಲ್ಲಿ ನಿಂತಿದ್ದ ಕಾರಿನಿಂದ ಯಾರದೋ ಹೊಸ ಹಾಡು ಕೇಳಿಸಿತು. ಅದರ ನಡುವೆ ನಿನ್ನ ದನಿ: "ಬಂದೇಮ್ಮಾ, ಒಂದ್ನಿಮಿಷ!"

ಅಮ್ಮ ಎದ್ದು ಹುರಿದ ಮೀನು ಬಡಿಸಿದರು. ನಾನು ಕುರ್ಚಿ ಎಳೆದುಕೊಂಡೆ.

"ಅಲ್ಲಿ ಕೂರ್ಬೇಡ ಕಣೋ ರೂಫಸ್, ಅವ್ನು ಬರ್ತಿದಾನೆ."

ಪಕ್ಕದ ಕುರ್ಚಿಗೆ ಸರಿದೆ. ನಿನ್ನ ಮೀನು ಆರದಿರಲೆಂದು ಅವರು ಮೇಲೊಂದು ತಟ್ಟೆ ಮುಚ್ಚಿಟ್ಟರು.