ಗ್ಲಿಸರಿನ್ ಹಚ್ಚದೆ ಅಳುವ ಕೂಸು

ವಿಜಾಪುರ
೧೪ ಜೂನ್ ೧೯೬೯

ನಾಟಕ ಕಂಪನಿಯ ಮಾಲಕರಾದ ಖಂಡಪ್ಪನವರಿಗೆ,

ತೀರ್ಥರೂಪರು ಎಂದು ಬರೆದು ಎರಡು ಹಾಳೆ ಹರಿದು ಹಾಕಿದೆ. ಹೆತ್ತ ಅಪ್ಪನಿಗೆ ಮಗಳು ಹೀಗೆ ಬರೆಯಬಾರದು ಅನ್ನುತ್ತೀರಿ. ಅನ್ನಿ. ನಾನು ಕ್ಷೇಮ, ನಿಮ್ಮ ಕ್ಷೇಮ ಕೇಳುವ ಮನಸ್ಸಿಲ್ಲ.

ನಿಮ್ಮ ಕಾಗದ ತಲುಪಿತು. ಅಮೋಘಿಗೆ ಆರು ತುಂಬಿತು, ಟಿಕೋಟಾದ ಕ್ಯಾಂಪಿನಲ್ಲಿ ಅವಳಿಗೆ ಬಣ್ಣ ಹಚ್ಚುತ್ತೇನೆ, ನೀನು ಸಾಲಿಗೆ ಎಂಟು ದಿನ ರಜೆ ಹಾಕಿ ಬಂದು ತಂಗಿಗೆ ಅಳುವುದನ್ನು ಕಲಿಸು ಎಂದು ಬರೆದಿದ್ದೀರಿ. ಓದಿ ಮೈ ಉರಿಯಿತು. ನನಗೆ ಅದನ್ನು ಹೇಗೆ ಕಲಿಸಿದಿರಿ ಎಂಬುದು ನೆನಪಿದೆಯೇ?

ನಿಮ್ಮ ಸಾಂಸಾರಿಕ ನಾಟಕದಲ್ಲಿ ಮನೆಯಿಂದ ಹೊರದಬ್ಬಿಸಿಕೊಂಡ ಮಗುವಿನ ಪಾತ್ರ ನನ್ನದು. 'ಗ್ಲಿಸರಿನ್ ಹಚ್ಚದೆ ಅಳುವ ಕೂಸು, ಬೇಬಿ ತುಳಸಾ' ಎಂದು ಹ್ಯಾಂಡ್‌ಬಿಲ್ ಹಂಚುತ್ತಿದ್ದಿರಿ. ಅವ್ವ ಊರಲ್ಲಿ, ಅರಕೇರಿಯಲ್ಲೇ ಇರುತ್ತಿದ್ದಳು. ನಾನು ರಂಗಕ್ಕೆ ಹೋಗುವ ಮುಂಚೆ ಪರದೆಯ ಪಕ್ಕ ಕುಕ್ಕರುಗಾಲಲ್ಲಿ ಕೂತು, "ಲೇ ತುಳಸಾ, ನಿಮ್ಮವ್ವ ಸತ್ತಾಳ. ಅರಕೇರಿಯಿಂದ ಸುದ್ದಿ ಬಂದೈತಿ," ಎಂದು ಕಿವಿಯಲ್ಲಿ ಹೇಳುತ್ತಿದ್ದಿರಿ. ಐದು ವರ್ಷದವಳು ನಾನು, ಎದೆ ಒಡೆದು ಅಳುತ್ತಿದ್ದೆ. ಒಳಗೆ ಬಂದ ಮೇಲೆ ಕೈಗೆ ಪೇಢೆ ಇಟ್ಟು, "ಸುಳ್ಳ ಹೇಳಿದ್ದೆ, ಆರಾಮ ಅದಾಳ," ಎಂದು ನಗುತ್ತಿದ್ದಿರಿ. ನಾಲ್ಕು ವರ್ಷ ಹೀಗೇ ನಡೆಯಿತು. ಬರಬರುತ್ತ ಆ ಮಾತು ಕಿವಿಗೆ ಬಿದ್ದರೆ ಸಾಕು, ದುಃಖವಿಲ್ಲದಿದ್ದರೂ ಕಣ್ಣೀರು ಬರುತ್ತಿತ್ತು.

ಐವತ್ತೆಂಟರಲ್ಲಿ ಬಬಲೇಶ್ವರದಲ್ಲಿ ರವಿವಾರದ ಹಗಲಾಟ. ಟೆಂಟು ಭರ್ತಿ. ಅದೇ ಜಾಗದಲ್ಲಿ ಕೂತು ಅದೇ ಮಾತು ಹೇಳಿದಿರಿ. ಹೋಗಿ ಅತ್ತೆ. ಜನ ಒನ್ಸ್ ಮೋರ್ ಎಂದು ಕೂಗಿದರು. ನೀವು ಸನ್ನೆ ಮಾಡಿದಿರಿ, ಇನ್ನೊಮ್ಮೆ ಅತ್ತೆ. ಒಳಗೆ ಬಂದು ಎಂದಿನಂತೆ ಕೈ ಚಾಚಿದೆ. "ಪೇಢೆ ಕೊಡ್ರಿ," ಎಂದೆ.

ನೀವು ಬೇರೆ ಕಡೆ ನೋಡಿ, "ಈ ಸಲ ಖರೇನ ಹೋಗ್ಯಾಳ," ಎಂದಿರಿ.

ಸುದ್ದಿ ಮುಂಜಾನೆಯೇ ಬಂದಿತ್ತು. ಆಟ ನಿಲ್ಲಬಾರದೆಂದು ಮಧ್ಯಾಹ್ನದ ತನಕ ಬಚ್ಚಿಟ್ಟಿರಿ. ಬಚ್ಚಿಟ್ಟದ್ದನ್ನು ಆಟಕ್ಕೇ ಬಳಸಿದಿರಿ. ನಾವು ಅರಕೇರಿ ಮುಟ್ಟುವಷ್ಟರಲ್ಲಿ ಅವ್ವನನ್ನು ಮಣ್ಣು ಮಾಡಿ ಆಗಿತ್ತು. ಅಲ್ಲಿ ನನಗೆ ಒಂದು ಹನಿ ಕಣ್ಣೀರೂ ಬರಲಿಲ್ಲ. "ಏನ ಕಲ್ಲಮನಸಿನ ಹುಡುಗಿ ಬೇ ಇದು," ಎಂದು ಹೆಂಗಸರು ಮಾತಾಡಿಕೊಂಡರು. ನೀವು ಕೇಳಿಸಿಕೊಂಡು ಸುಮ್ಮನೆ ನಿಂತಿರಿ. ಅದನ್ನು ನಾನು ಕ್ಷಮಿಸಿಲ್ಲ, ಕ್ಷಮಿಸುವುದೂ ಇಲ್ಲ.

ಈಗ ಅಮೋಘಿಯನ್ನು ಹುಡುಕುತ್ತಿರಬೇಕು. ಹುಡುಕಬೇಡಿ. ನಿಮ್ಮ ಎರಡನೆಯ ಹೆಂಡತಿ ಚಂದ್ರಾಬಾಯಿ, ರಂಗದ ಮೇಲೆ ನನ್ನ ತಾಯಿಯಾಗುತ್ತಿದ್ದವಳು, ಮಂಗಳವಾರ ತಾನೇ ಮಗಳನ್ನು ಕರೆತಂದು ಗೋಳಗುಮ್ಮಟದ ಹತ್ತಿರದ ನನ್ನ ಕೋಣೆಯಲ್ಲಿ ಬಿಟ್ಟು ಹೋದಳು. "ನಿನಗ ಮಾಡಿದ್ದ ಕಣ್ಣಾರೆ ನೋಡೇನಿ. ಇಕಿನ್ನ ನಿನ್ನ ಹಂತ್ಯಾಕ ಇಟ್ಕೋ," ಎಂದಳು. ನಾನು ಕಲಿಸುವ ಸಾಲಿಯಲ್ಲೇ ಹೆಸರು ಹಚ್ಚಿದ್ದೇನೆ.

ನಿನ್ನೆ ಅವಳು ಅಂಗಳದಲ್ಲಿ ಎಡವಿ ಬಿದ್ದಳು. ಮೊಣಕಾಲು ತರಚಿ ರಕ್ತ ಸೋರುತ್ತಿತ್ತು. ತುಟಿ ಕಚ್ಚಿಕೊಂಡು ನನ್ನ ಮುಖ ನೋಡಿ ಕೇಳಿದಳು: "ಅಕ್ಕಾ, ಈಗ ಅಳ್ಲೇನು?"

ಆಗಲೇ ಶುರು ಮಾಡಿದ್ದಿರಲ್ಲವೇ?

ಅಳು ಎಂದೆ. ಅತ್ತಳು. ಎತ್ತಿಕೊಂಡು ಕೂತೆ. ಯಾರೂ ಒನ್ಸ್ ಮೋರ್ ಅನ್ನಲಿಲ್ಲ. ನೀವು ಈ ಬಾಗಿಲಿಗೆ ಬಂದರೆ ಇಷ್ಟನ್ನೂ ಓಣಿಯ ಜನರೆದುರು ನಿಂತು ಹೇಳುತ್ತೇನೆ. ಸಾವಿರ ಜನರೆದುರು ನಿಲ್ಲುವುದನ್ನು ನೀವೇ ಕಲಿಸಿದ್ದೀರಿ.

ನೂರು ವರ್ಷ ಬಾಳಿರಿ. ಇನ್ನೊಂದು ಮಗು ನಿಮ್ಮ ಕೈಗೆ ಸಿಗದಿರಲಿ.

ಇಂತಿ,
ಅರಕೇರಿಯ ಪರಸವ್ವನ ಮಗಳು
ತುಳಸಾಬಾಯಿ