ಖಾಲಿ ಇರಬೇಕಿದ್ದ ಲೇನ್

ಮಾರ್ಚ್ ೩, ಸೋಮವಾರ

ಪ್ರೋಟೀನುಗಳನ್ನು ಬೇರ್ಪಡಿಸುವ ಜೆಲ್ ಓಡಿತು. ಅವುಗಳ ಅಚ್ಚಿಳಿದ ಹಾಳೆ, ಬ್ಲಾಟ್, ತೊಳೆದದ್ದಾಯಿತು. ನನ್ನ ಗೈಡ್ ಮೇಡಂ ತಯಾರಿಸಿದ ಆಂಟಿಬಾಡಿ ಹಾಕಿದೆ. ಜೀವಕೋಶದೊಳಗೆ ಜೀನುಗಳನ್ನು ಎಬ್ಬಿಸುವ ಕೆಲಸಕ್ಕೆ ಕೈಜೋಡಿಸುವ ಒಂದು ಸಹಾಯಕ ಪ್ರೋಟೀನು — ಅದೊಂದನ್ನೇ ಹುಡುಕಿ ಹಿಡಿಯುತ್ತದೆ ಎಂದೇ ಇದಕ್ಕೆ ಹೆಸರು. ನನ್ನ ಥೀಸಿಸ್ ಪೂರ್ತಿ ಇದರ ಮೇಲೆ ನಿಂತಿದೆ. ಪರೀಕ್ಷಕರು ಕೇಳಿಯಾರೆಂದು ಈ ಸಲ ಒಂದು ಲೇನ್, ಸ್ಯಾಂಪಲ್ ಓಡುವ ಪಟ್ಟಿ, ಹೆಚ್ಚಿಗೆ. ಆ ಪ್ರೋಟೀನಿನ ಜೀನನ್ನೇ ಕತ್ತರಿಸಿ ತೆಗೆದ ಜೀವಕೋಶಗಳು. ಪ್ರೋಟೀನು ಇದ್ದಲ್ಲಿ ಮಾತ್ರ ಗೆರೆ ಮೂಡಬೇಕು; ಅಲ್ಲಿ ಏನೂ ಕಾಣಬಾರದು.

ಕಂಡಿತು. ದಪ್ಪ ಗೆರೆ. ಪಕ್ಕದ ಲೇನಿನಷ್ಟೇ ಕಪ್ಪು.

ಸ್ಯಾಂಪಲ್ ಅದಲುಬದಲಾಗಿರಬೇಕು. ನನ್ನ ಕೈಗುಣವೇ ಅಷ್ಟು.

ಮಾರ್ಚ್ ೭

ಮತ್ತೆ ಮಾಡಿದೆ. ಹೊಸ ಜೀವಕೋಶ, ಹೊಸ ಬಫರ್. ಜೀನ್ ಇಲ್ಲವೆಂದು ಡಿಎನ್ಎ ಓದಿಸಿ ಖಚಿತ ಮಾಡಿಕೊಂಡೆ. ಗೆರೆ ಅಲ್ಲೇ ಇದೆ. ಅಂದರೆ ಆಂಟಿಬಾಡಿ ಹಿಡಿಯುತ್ತಿರುವುದು ಬೇರೆ ಯಾವುದನ್ನೋ. ಇಷ್ಟು ವರ್ಷವೂ...

ಅಮ್ಮನ ಫೋನು. "ಇನ್ನೂ ಅದೇ ಗೆರೆ ನೋಡ್ತಿದ್ದೀಯೇನೇ? ಸ್ಕೇಲ್ ಇಟ್ಟು ಎಳೆದಿದ್ರೆ ಯಾವಾಗ್ಲೋ ಮುಗೀತಿತ್ತು!"

ನಕ್ಕೆ. ಫೋನ್ ಇಟ್ಟ ಮೇಲೆ ಅಳು ಬಂತು.

ಮಾರ್ಚ್ ೧೦

ಮೇಡಂಗೆ ತೋರಿಸಿದೆ. ಕನ್ನಡಕ ತೆಗೆದು, ಒರೆಸಿ, ಮತ್ತೆ ನೋಡಿದರು.

"ಈ ಲೇನ್ ಹಾಕು ಅಂತ ಯಾರಂದ್ರು ನಿಂಗೆ?"

"ಯಾರೂ ಅನ್ಲಿಲ್ಲ ಮೇಡಂ."

"ಮತ್ತೆ ಯಾಕೆ ಇಲ್ಲದ ಉಸಾಬರಿ? ಥೀಸಿಸ್‌ನಲ್ಲಿ ಇದು ಬೇಡ. ಬರೆದು ಮುಗಿಸು."

ಸರಿ ಎಂದೆ. ಹೌದು, ಸರಿ ಎಂದೆ.

ಮಾರ್ಚ್ ೨೪

ಈ ಡೈರಿ ತೆರೆಯುವ ಮನಸ್ಸೇ ಇರಲಿಲ್ಲ. ಮೂರನೇ ಅಧ್ಯಾಯ ಮುಗಿಯಿತು. ಆ ಲೇನ್ ಇಲ್ಲದ ಚಿತ್ರ ಎಷ್ಟು ಚೆನ್ನಾಗಿದೆ! ಊಟ ಸೇರುತ್ತಿಲ್ಲ.

ಮಾರ್ಚ್ ೨೭

ಆಸ್ಪತ್ರೆಯ ಪೆಥಾಲಜಿ ಡಾಕ್ಟರು ಬಂದಿದ್ದರು. ಗಡ್ಡೆ ಯಾವ ಬಗೆಯದೆಂದು ತಿಳಿಯಲು ಮುಂದಿನ ವಾರದಿಂದ ರೋಗಿಗಳ ಸ್ಲೈಡಿಗೆ ಇದೇ ಆಂಟಿಬಾಡಿ ಹಾಕುತ್ತಾರಂತೆ. ಮೇಡಂ ಆಂಟಿಬಾಡಿ ಇಟ್ಟ ಐಸ್ ಡಬ್ಬಿ ಕೊಟ್ಟರು. ಡಾಕ್ಟರು ತಮಾಷೆಗೆ ನನ್ನತ್ತ ತಿರುಗಿದರು.

"ದಿನಾ ಇದರ ಜೊತೆ ಸಂಸಾರ ಮಾಡೋಳು ನೀನು. ಹೇಳಮ್ಮ, ನಂಬಬಹುದಾ?"

ಮೇಡಂ ಕಿಟಕಿಯಾಚೆ ನೋಡುತ್ತಿದ್ದರು.

"ಇಲ್ಲ ಸರ್. ಆ ಪ್ರೋಟೀನು ಇಲ್ಲದ ಕಡೆಯೂ ಇದೆ ಅನ್ನುತ್ತೆ."

ಡಾಕ್ಟರು ಡಬ್ಬಿಯನ್ನು ಮೆಲ್ಲಗೆ ಮೇಜಿನ ಮೇಲಿಟ್ಟು ಹೊರಟುಹೋದರು. ಮೇಡಂ ಇಷ್ಟೇ ಅಂದರು — "ಉಂಡ ಮನೆ ಜಂತೆ ಎಣಿಸಿಬಿಟ್ಟೆಯಲ್ಲೇ."

ಏಪ್ರಿಲ್ ೨

ಲ್ಯಾಬಿಗೆ ಹೋದರೆ ಮೇಡಂ ನನ್ನ ಬೆಂಚಿನ ಮುಂದೆ, ಗ್ಲೌಸ್ ತೊಟ್ಟು. ಅವರು ಪಿಪೆಟ್ ಹಿಡಿದದ್ದನ್ನು ನಾನು ಕಂಡೇ ಇರಲಿಲ್ಲ.

"ನಿನ್ನ ಕೈ ಬೇಡ. ಆ ಲೇನ್ ನಾನೇ ಹಾಕ್ತೀನಿ."

ಒಂದು ಹನಿಯೂ ಆಚೀಚೆ ಬೀಳಲಿಲ್ಲ. ಸಂಜೆ ಚಿತ್ರ ಬಂತು. ಖಾಲಿ ಇರಬೇಕಾದ ಕಡೆ ಮತ್ತದೇ ಕಪ್ಪು.

ಮೇಡಂ ಸ್ಟೂಲಿನ ಮೇಲೆ ಕೂತರು.

"ಈ ಆಂಟಿಬಾಡಿ ಮೇಲೆ ಬರೆದ ಪೇಪರ್ ವಾಪಸ್ ತಗೋತೀನಿ. ಇದನ್ನ ಕಳಿಸಿದ ಲ್ಯಾಬುಗಳಿಗೆಲ್ಲ ಬರೀತೀನಿ." ಆಮೇಲೆ, ಸಣ್ಣ ದನಿಯಲ್ಲಿ, "ಈ ಆಂಟಿಬಾಡಿ ಕೊಡೋ ಕ್ಲೋನ್ ಸಿಕ್ಕ ದಿನ ಅಪ್ಪ ಇನ್ನೂ ಇದ್ರು ಕಣೇ. ಮೊದಲು ಅವರಿಗೇ ಹೇಳಿದ್ದೆ... ನಿನ್ನ ಥೀಸಿಸ್ ಹೋಯ್ತಲ್ಲ."

"ಹೋಯ್ತು ಮೇಡಂ."

ಗ್ಲೌಸ್ ಬಿಚ್ಚುವುದನ್ನೂ ಮರೆತು ಕೂತಿದ್ದರು. ನಾನೇ ಬಿಚ್ಚಿದೆ, ಒಂದೊಂದೇ ಬೆರಳು. ಬೆವರಿ ತಣ್ಣಗಾದ ಕೈ. ಬಿಡಲು ಮನಸ್ಸಾಗಲಿಲ್ಲ. ಅವರೂ ಬಿಡಿಸಿಕೊಳ್ಳಲಿಲ್ಲ. ಆಮೇಲೆ ತಲೆಯೆತ್ತಿ ಅಂದರು, "ಇನ್ಮೇಲೆ ಆ ಲೇನ್ ಯಾವಾಗ್ಲೂ ಹಾಕು ಕಣೇ."